ಬಂಗಾರಿಯ ಎರಡು ಮಕ್ಕಳು

ಚಟ್ಟದ ಬಿದಿರಿಗೆ ಹಗ್ಗ ಬಿಗಿಯುತ್ತಿದ್ದ ಮಗ ಗಣಪನ ಕೈ ಹಿಡಿದು ಕುಪ್ಪ ತಡೆದ.

“ಹನ್ನೊಂದರ ಬಸ್ಸು ಬರ್ಲಿ.”

ಅಂಗಳದಲ್ಲಿದ್ದವರು ಮುಖ ಮುಖ ನೋಡಿಕೊಂಡರು. ಹೆಂಡತಿ ಬಂಗಾರಿಯ ಹೆಣ ಬೆಳಗಿನಿಂದ ಜಗುಲಿಯಲ್ಲಿತ್ತು. ಇನ್ಯಾರು ಬರಬೇಕು ಎಂದು ನೆರೆಮನೆಯ ಮಾದೇವಿ ಕೇಳಿದಳು. ಗೇರುಸೊಪ್ಪದವಳು ಎಂದ ಕುಪ್ಪ. ಆಮೇಲೆ ಯಾರೂ ಏನೂ ಕೇಳಲಿಲ್ಲ. ಆ ಸಿನಿಮಾ ಎಲ್ಲರೂ ನೋಡಿದ್ದರು.

*

ಎರಡು ವರ್ಷದ ಹಿಂದೆ ದಿವ್ಯಶ್ರೀ ಎಂಬವಳು ಕುಮಟಾಕ್ಕೆ ಬಂದು, ಅಘನಾಶಿನಿ ಹೊಳೆಯಲ್ಲಿ ಬಳಚು ಎಂಬ ಚಿಪ್ಪುಮೀನು ಹೆಕ್ಕುವ ಹೆಂಗಸರ ಮೇಲೆ ಸಾಕ್ಷ್ಯಚಿತ್ರ ಮಾಡಿದಳು. ಬಂಗಾರಿ ಕ್ಯಾಮೆರಾದ ಕಡೆ ನೋಡದೆ ತನ್ನ ಪಾಡಿಗೆ ಸೊಂಟಮಟ್ಟ ನೀರಿನಲ್ಲಿ ಚಿಪ್ಪು ತಡಕುತ್ತಿದ್ದಳು. ಇನ್ನೊಮ್ಮೆ ಇಳಿಯಿರಿ ಎಂದರೆ, ಹೊಳೆ ನಿಮಗಾಗಿ ಕಾಯುವುದಿಲ್ಲ ಎಂದು ಮನೆಗೆ ನಡೆದಳು. ಕೊನೆಯ ದಿನ ದಿವ್ಯಶ್ರೀ ಮಕ್ಕಳೆಷ್ಟು ಎಂದು ಕೇಳಿದಳು.

“ಎರಡು,” ಎಂದಳು ಬಂಗಾರಿ, ಬುಟ್ಟಿಯ ಕೆಸರು ತೊಳೆಯುತ್ತ. “ಮೊದಲಿಂದು ಹುಡುಗಿ. ಮೂರು ತಿಂಗಳ ಕೂಸು, ನಂಗೆ ಹಾಲಿರ್ಲಿಲ್ಲ. ಗೇರುಸೊಪ್ಪದಲ್ಲಿ ಮಕ್ಕಳಿಲ್ದವ್ರಿಗೆ ಕೊಟ್ರು. ಜಯಶ್ರೀ ಅಂತ ಹೆಸರಿಟ್ಟಾರೆ. ಊರಿಗೆ ಸತ್ತೋಯ್ತು ಅಂದ್ರು.”

ಕೊಟ್ಟವನು ಕುಪ್ಪ, ಊರಿಗೆ ಹಾಗೆ ಹೇಳಿದವನೂ ಅವನೇ. ಸಿನಿಮಾದಿಂದ ಆ ಮಾತು ತೆಗೆಯಬೇಕೆಂದು ಹಟ ಹಿಡಿದ. ದಿವ್ಯಶ್ರೀ ತೆಗೆಯಲು ಒಪ್ಪಿದ್ದಳು.

“ಬೇಕಾದ್ರೆ ಉಳಿದದ್ದೆಲ್ಲ ತೆಗೀರಿ,” ಎಂದಳು ಬಂಗಾರಿ. “ಅದೊಂದು ಇರ್ಲಿ.”

ಶಾಲೆಯಲ್ಲಿ ಸಿನಿಮಾ ತೋರಿಸಿದಾಗ ಕುಪ್ಪ ಅರ್ಧಕ್ಕೆ ಎದ್ದುಹೋದ. ಆ ಮಳೆಗಾಲ ಪೂರ್ತಿ ಹೆಂಡತಿಯ ಜೊತೆ ಮಾತಾಡಲಿಲ್ಲ. ಜಯಶ್ರೀ ಯಾರದೋ ಮೊಬೈಲಿನಲ್ಲಿ ಅದನ್ನು ನೋಡಿದಳೆಂದು ಸುದ್ದಿ ಬಂತು, ಅವಳು ಬರಲಿಲ್ಲ. ಬಂಗಾರಿಯೂ ಹೋಗಲಿಲ್ಲ. ಸಾಕಿದವರ ಮನಸ್ಸು ನೋಯಿಸಬಾರದು ಎಂದು ಮಾದೇವಿಯ ಹತ್ತಿರ ಹೇಳಿದ್ದಳಂತೆ.

*

ಬಸ್ಸಿಳಿದು ಬಂದವಳಿಗೆ ನಲವತ್ತರ ಮೇಲಾಗಿತ್ತು. ಅಂಗಳದ ಅಂಚಿನಲ್ಲಿ ಚಪ್ಪಲಿ ಬಿಟ್ಟು ನಿಂತಳು. ಕುಪ್ಪ ಎದ್ದ.

“ಬೆಳಿಗ್ಗೆ ಫೋನ್ ಮಾಡಿದ್ದು ನೀವಾ?”

“ಹೌದು. ಅವಳಿದ್ದಾಗ ಮಾಡ್ಬೇಕಾಗಿತ್ತು.”

ಜಯಶ್ರೀ ಜಗುಲಿಯ ಕಡೆ ನಡೆದಳು. ಹೆಂಗಸರು ಸರಿದು ದಾರಿ ಬಿಟ್ಟರು. ಬಾಯಿಗೆ ನೀರು ಬಿಡಲು ಮಕ್ಕಳನ್ನು ಕರೆದಾಗ ಗಣಪ ಲೋಟ ಎತ್ತಿಕೊಂಡ. ಬಗ್ಗಿದವನು ಹಾಗೇ ತಡೆದು, ಲೋಟವನ್ನು ಅವಳ ಕಡೆ ಹಿಡಿದ.

“ಅಕ್ಕ, ನೀ ಮೊದ್ಲು ಬಿಡು.”

ಅವಳು ಮಂಡಿಯೂರಿ ತುಳಸಿ ಎಲೆಯಿಂದ ನೀರು ಬಿಟ್ಟಳು. ಬಿಗಿದ ತುಟಿ ಒಳಗೆ ಬಿಡಲಿಲ್ಲ. ನೀರು ಕೆನ್ನೆಗುಂಟ ಕಿವಿಯತ್ತ ಇಳಿಯಿತು. ಜಯಶ್ರೀ ಸೆರಗಿನ ತುದಿಯಿಂದ ಒರೆಸಿದಳು. ನೀರೆಲ್ಲ ಆರಿತು. ಚಟ್ಟ ಕಟ್ಟುವವರು ಬಂದು ಹಿಂದೆ ನಿಂತರು. ಅವಳು ಆ ಕೆನ್ನೆಯನ್ನು ಮೆಲ್ಲಗೆ ಒರೆಸುತ್ತಲೇ ಇದ್ದಳು.