ಮಾವನ ಸೊತ್ತು

ವಾಮದಪದವಿನ ನೀಲಾವತಿ ಎಂಟು ವರ್ಷಗಳಲ್ಲಿ ಐದೂವರೆ ತುಳು ನಾಟಕ ಬರೆದಳು. ಎಲ್ಲದಕ್ಕೂ ಹೆಸರು ಅವಳ ಗಂಡನದು. ಯಾರೂ ಕದ್ದದ್ದಲ್ಲ. ಪ್ರತಿ ಪುಸ್ತಕದ ಮೊದಲ ಹಾಳೆಯಲ್ಲಿ 'ಚಿನ್ನಯ್ಯ ಶೆಟ್ಟಿ ವಿರಚಿತ' ಎಂದು ದುಂಡಗಿನ ಅಕ್ಷರದಲ್ಲಿ ಬರೆದವಳು ಅವಳೇ. ಗಂಡನ ಹೆಸರನ್ನು ಬಾಯಲ್ಲಿ ಹೇಳಬಾರದು, ಬರೆಯುವುದಕ್ಕೆ ಅಡ್ಡಿಯಿಲ್ಲ.

ಶುರುವಾದದ್ದು ಸಾವಿರದ ಒಂಬೈನೂರ ಐವತ್ತರಲ್ಲಿ. ಶಾಲಾ ಮಾಸ್ತರನಾಗಿದ್ದ ಚಿನ್ನಯ್ಯ ಬಂಟ್ವಾಳದ ಯುವಕರ ಸಂಘದ ಎದುರು ಜಂಬ ಕೊಚ್ಚಿ, ವಾರ್ಷಿಕೋತ್ಸವಕ್ಕೆ ನಾಟಕ ಬರೆದು ಕೊಡುತ್ತೇನೆಂದು ಒಪ್ಪಿ ಬಂದ. ಹದಿನೈದು ದಿನ ಪೆನ್ಸಿಲು ಕೆತ್ತಿದ. ಒಂದು ಸಾಲೂ ಬರಲಿಲ್ಲ. ನೀಲಾವತಿ ಮಧ್ಯಾಹ್ನದ ಪಾತ್ರೆ ತೊಳೆದ ಮೇಲೆ ಚಾವಡಿಯಲ್ಲಿ ಕೂತು ಎಂಟೇ ದಿನಗಳಲ್ಲಿ ಬರೆದು ಮುಗಿಸಿದಳು. ಓದಿದಾಗ ಅವನ ಕಣ್ಣು ತುಂಬಿತು. ಅದು ನಾಟಕವಾಗಿರಲಿಲ್ಲ, ನಿಜವಾಗಿಯೂ ತುಂಬಿತು. ಕಣ್ಣು ಒರೆಸಿಕೊಂಡು ಹೇಳಿದ:

"ನಿನ್ನ ಹೆಸರು ಹಾಕಿದ್ರೆ ಒಬ್ಬನೂ ಪಾತ್ರ ಮಾಡ್ಲಿಕ್ಕೆ ಬರುವುದಿಲ್ಲ ಮಾರಾಯ್ತಿ. ಈ ಸಲಕ್ಕೆ ನನ್ನದೇ ಇರಲಿ."

ಮೀಸೆ ಬೋಳಿಸಿ ಸೀರೆಯುಟ್ಟು ನಾಯಕಿಯಾಗುವುದರಿಂದ ಊರಿನ ಗಂಡಸರ ಮಾನ ಹೋಗುತ್ತಿರಲಿಲ್ಲ. ಕರಪತ್ರದಲ್ಲಿ ಒಬ್ಬ ಹೆಂಗಸಿನ ಹೆಸರು ಬಂದರೆ ಮಾತ್ರ ಹೋಗುತ್ತಿತ್ತು! ನೀಲಾವತಿ ಒಪ್ಪಿದಳು. ಈ ಸಲ ಎಂಬುದು ಐದು ಸಲವಾಯಿತು. ಬೆಳ್ತಂಗಡಿಯಲ್ಲಿ ಚಿನ್ನಯ್ಯನಿಗೆ ಶಾಲು ಹೊದೆಸಿದರು. ಅದನ್ನು ಮಡಚಿ ಪೆಟ್ಟಿಗೆಯಲ್ಲಿಟ್ಟವಳೂ ಅವಳೇ.

ಆರನೆಯ ನಾಟಕ ಎರಡು ಅಂಕ ಮುಗಿದು ಮೂರನೆಯದಕ್ಕೆ ಕಾಯುತ್ತಿದ್ದಾಗ, ಐವತ್ತೆಂಟರಲ್ಲಿ, ಚಿನ್ನಯ್ಯ ಮೂರು ದಿನದ ಜ್ವರದಲ್ಲಿ ತೀರಿಕೊಂಡ.

ಅವರದು ಅಳಿಯಸಂತಾನದ ಕುಟುಂಬ. ಮನೆ, ಗದ್ದೆ ಎಲ್ಲ ತಾಯಿಯಿಂದ ಮಗಳಿಗೆ. ಗಂಡಸಿನ ಸೊತ್ತು ಅವನ ಅಕ್ಕತಂಗಿಯರ ಮಕ್ಕಳಿಗೆ. ಕಾನೂನು ಬದಲಾಗಿದೆಯೆಂದು ಪೇಟೆಯಲ್ಲಿ ಹೇಳುತ್ತಿದ್ದರು, ರೂಢಿ ಬದಲಾಗಿರಲಿಲ್ಲ. ಉತ್ತರಕ್ರಿಯೆ ಮುಗಿದ ಮರುದಿನವೇ ಚಿನ್ನಯ್ಯನ ಅಕ್ಕನ ಮಗ ಶೀನಪ್ಪ ಸಿದ್ಧಕಟ್ಟೆಯಿಂದ ಗಾಡಿ ಕಟ್ಟಿಕೊಂಡು ಬಂದ. ಮಾವನ ಕೋಟು, ಕೊಡೆ, ಗಡಿಯಾರ ಗಾಡಿಗೆ ಹೋದವು. ಅವನು ನಾಟಕದ ಪುಸ್ತಕಗಳ ಪೆಟ್ಟಿಗೆಗೆ ಕೈ ಹಾಕಿದಾಗ ನೀಲಾವತಿ ಎದ್ದು ನಿಂತಳು.

"ಅದು ನನ್ನದು."

ಶೀನಪ್ಪ ಒಂದು ಪುಸ್ತಕದ ಮೊದಲ ಹಾಳೆ ತೆರೆದು ತೋರಿಸಿದ. "ಮಾವನ ಹೆಸರು ಉಂಟಲ್ಲ ಅತ್ತೆ?"

"ಅಕ್ಷರ ಯಾರದ್ದು, ನೋಡು."

"ಅಕ್ಷರ ನಿಮ್ಮದೇ. ಕಾಪಿ ಮಾಡಿ ಕೊಡುವುದು ನೀವೇ ಅಂತ ಮಾವ ಎಲ್ಲರ ಹತ್ರ ಹೇಳ್ತಿದ್ರು. ಪಾಪ, ಎಷ್ಟು ಹೊಗಳ್ತಿದ್ರು!"

ನೀಲಾವತಿಗೆ ಈ ಮಾತು ಗೊತ್ತಿರಲಿಲ್ಲ. ಗಂಡ ಸತ್ತಾಗ ಅತ್ತದ್ದಕ್ಕೆ ಆ ಕ್ಷಣ ಅವಳಿಗೆ ನಾಚಿಕೆಯಾಯಿತು. ಮನೆಯ ಯಜಮಾನಿಕೆ ನೋಡುತ್ತಿದ್ದ ಅಣ್ಣ ಮುಂಡಪ್ಪನ ಕಡೆ ತಿರುಗಿದಳು.

"ನೀನಾದರೂ ಹೇಳಣ್ಣ."

"ಆ ರೂಢಿಯಿಂದಲೇ ಈ ಮನೆ ನಿನಗೆ ಬಂದದ್ದು," ಎಂದ ಮುಂಡಪ್ಪ. "ಬರುವಾಗ ಬೇಕು, ಕೊಡುವಾಗ ಬೇಡ ಅಂದ್ರೆ ಆಗ್ತದಾ? ಹೋಗಲಿ ಬಿಡು, ಬರೇ ಕಾಗದ."

ಗಾಡಿ ಹೋಯಿತು. ನಾಲ್ಕು ತಿಂಗಳ ಮೇಲೆ ಶೀನಪ್ಪ ಮತ್ತೆ ಬಂದ, ಈ ಸಲ ಬಾಳೆಹಣ್ಣು ಹಿಡಿದುಕೊಂಡು. ಮೂಡಬಿದಿರೆಯ ಒಂದು ತಂಡ ಮಾವನ ಕೊನೆಯ ನಾಟಕ ಆಡಲು ಹೊರಟಿತ್ತು. ಗಂಡ ಬಿಟ್ಟುಹೋದ ಕಾಂತಿ ಎಂಬವಳ ಕಥೆ. ಏಳು ವರ್ಷದ ಮೇಲೆ ಗಂಡ ಬಂದು ಬಾಗಿಲು ತಟ್ಟುತ್ತಾನೆ, ಅಲ್ಲಿಗೆ ಎರಡನೆಯ ಅಂಕ ಮುಗಿಯುತ್ತದೆ.

"ಮೂರನೆಯದು ಮಾವ ಎಲ್ಲಿಯಾದ್ರೂ ಬರೆದಿಟ್ಟಿದ್ದಾರಾ ಅತ್ತೆ?"

"ಇಲ್ಲ. ನಾನು ಬರೆದು ಕೊಡ್ತೇನೆ. ಕರಪತ್ರದಲ್ಲಿ ನನ್ನ ಹೆಸರು ಹಾಕು."

ಶೀನಪ್ಪ ನಕ್ಕ. ಕೆಟ್ಟ ಮನಸ್ಸಿನಿಂದಲ್ಲ, ಮಕ್ಕಳ ಮಾತಿಗೆ ನಗುವ ಹಾಗೆ. "ಸತ್ತವರ ಹೆಸರು ತೆಗೆಯುವುದಾ? ಜನ ನಿಮಗೇ ಉಗಿಯುತ್ತಾರೆ."

"ಹಾಗಾದರೆ ಕೊಡುವುದಿಲ್ಲ."

ತಂಡದವರಿಗೆ ಏನು ಕಷ್ಟ? ಯಾರೋ ಒಬ್ಬ ಪಂಡಿತರು ಒಂದೇ ವಾರದಲ್ಲಿ ಬರೆದುಕೊಟ್ಟರು. ಭಾನುವಾರ ಸಂಜೆಯ ಪ್ರದರ್ಶನಕ್ಕೆ ನೀಲಾವತಿ ಪಕ್ಕದ ಮನೆಯ ಕುಸುಮಳನ್ನು ಕರೆದುಕೊಂಡು ಬಸ್ಸು ಹತ್ತಿ ಹೋದಳು. ಎರಡು ಅಂಕಗಳ ಪ್ರತಿಯೊಂದು ಮಾತನ್ನೂ ತುಟಿಯಲ್ಲೇ ಹೇಳಿಕೊಂಡಳು. ಮೂರನೆಯದರಲ್ಲಿ ಕಾಂತಿ ಓಡಿಬಂದು ಬಾಗಿಲು ತೆರೆದಳು, ಗಂಡನ ಕಾಲು ತೊಳೆದಳು, ಆ ನೀರನ್ನು ತಲೆಗೆ ಹಾಕಿಕೊಂಡಳು. ಹೆಂಗಸರ ಬೆಂಚಿನಲ್ಲಿ ಸೆರಗು ಕಣ್ಣಿಗೆ ಹೋಗದವರಿಲ್ಲ. ನೀಲಾವತಿಯ ಐದು ನಾಟಕಗಳಿಗೂ ಬೀಳದಷ್ಟು ಚಪ್ಪಾಳೆ ಬಿತ್ತು.

"ನಿಮ್ಮ ಯಜಮಾನ್ರಿಗೆ ಹೆಂಗಸರ ಮನಸ್ಸು ಎಷ್ಟು ಗೊತ್ತಿತ್ತು ನೋಡಿ!" ಎಂದಳು ಕುಸುಮ, ಮೂಗು ಒರೆಸುತ್ತ.

ಮರುದಿನ ಬೆಳಿಗ್ಗೆ ನೀಲಾವತಿ ಒಲೆ ಹಚ್ಚದೆ ಹೊಸ ಪುಸ್ತಕ ತೆಗೆದು ಕೂತಳು. ತಲೆಯೆತ್ತದೆ ಬರೆದಳು. ಕಾಂತಿಯ ಗಂಡ ಬಾಗಿಲು ತಟ್ಟಿದ, ಬೇಡಿಕೊಂಡ, ಬೈದ. ಕಾಂತಿ ಒಳಗೆ ಕೂತು ಅಕ್ಕಿ ಆರಿಸುತ್ತಿದ್ದಳು. ಬಾಗಿಲು ತೆರೆಯಲೇ ಇಲ್ಲ. ಮಧ್ಯಾಹ್ನದ ಹೊತ್ತಿಗೆ ಮುಗಿಯಿತು. ಇದನ್ನು ಆಡುವವರಿಲ್ಲ, ಆಡದಿದ್ದರೆ ಬೇಡ. ಇದೊಂದು ತನ್ನದು, ಯಾವ ಅಳಿಯನೂ ಗಾಡಿ ಕಟ್ಟಿಕೊಂಡು ಬರುವ ಹಾಗಿಲ್ಲ. ಗಂಡ ಸತ್ತ ಮೇಲೆ ಮೊದಲ ಸಲ ಅವಳಿಗೆ ನಗು ಬಂತು. ಮೊದಲಿಂದ ಓದೋಣವೆಂದು ಹಾಳೆ ಹಿಂದಕ್ಕೆ ಮಗುಚಿದಳು.

ಮೊದಲ ಹಾಳೆಯಲ್ಲಿ, ಬೆಳಿಗ್ಗೆ ಕೂತ ಕೂಡಲೇ ಬರೆದದ್ದು, ದುಂಡಗಿನ ಅಕ್ಷರದಲ್ಲಿ 'ಚಿನ್ನಯ್ಯ ಶೆಟ್ಟಿ ವಿರಚಿತ' ಎಂದಿತ್ತು. ಬೆರಳಿಗೆ ಎಂಜಲು ಹಚ್ಚಿ ಉಜ್ಜಿದಳು. ಶಾಯಿ ಆಗಲೇ ಒಣಗಿತ್ತು.