ಗಲ್ಲದ ಮೇಲಿನ ಮಸಿ

ಪಾಂಡವಪುರದಲ್ಲಿ ಗಲ್ಲದ ಮೇಲೆ ಕಪ್ಪು ಗುರುತಿಟ್ಟುಕೊಂಡು ಯಾರಾದರೂ ಎದುರಾದರೆ, ದೃಷ್ಟಿ ತೆಗೆಸಿಕೊಂಡು ಬರುತ್ತಿದ್ದಾರೆಂದು ಭ್ರಮಿಸಬೇಡಿ. ಅವರು ಕಮ್ಮಾರ ಸೋಮಾಚಾರಿಯ ಜೊತೆ ಮಾತಾಡಿ ಬರುತ್ತಿರುವವರು. ಕುಲುಮೆಯ ಮುಂದೆ ನಿಂತು ನೀವು ಬಾಯಿ ತೆರೆದೊಡನೆ ಆತ ಇಕ್ಕುಳವನ್ನು ಕೆಳಗಿಟ್ಟು, ಮಸಿ ಹಿಡಿದ ಎರಡು ಬೆರಳಲ್ಲಿ ನಿಮ್ಮ ಗಲ್ಲ ಹಿಡಿದು, ಸಂತೆಯಲ್ಲಿ ಹೋರಿಯ ಹಲ್ಲು ನೋಡುವವನ ಗಾಂಭೀರ್ಯದಿಂದ ಮುಖವನ್ನು ಬೆಳಕಿನ ಕಡೆಗೆ ತಿರುಗಿಸಿ, "ಈಗ ಯೋಳಿ" ಎನ್ನುತ್ತಾನೆ. ಅವನಿಗೆ ಕಿವಿ ಕೇಳದು. ತುಟಿಯ ಚಲನೆಯಿಂದಲೇ ಮಾತನ್ನು ಗ್ರಹಿಸುತ್ತಾನೆ. ಅಯ್ಯೋ ಪಾಪ ಎಂದು ಯಾರಾದರೂ ಮರುಗಿದರೆ ಉತ್ತರ ಸಿದ್ಧವಾಗಿರುತ್ತಿತ್ತು: "ನೀವು ಕೂಗಳತೆ ದೂರದ್ದು ಕೇಳ್ತೀರಿ, ನಾನು ಕಣ್ಣಳತೆ ದೂರದ್ದು ಕೇಳ್ತೀನಿ. ನನ್ ಕಣ್ಗೆ ಬಗ್ಗದೆ ಇರೋ ಬಾಯ್ನ ಬ್ರಹ್ಮ ಇನ್ನೂ ಮಾಡಿಲ್ಲ."

ಇದು ಬರಿಯ ಬಡಾಯಿಯೂ ಅಲ್ಲ. ಊರಾಚೆಯ ರೈಲು ನಿಲ್ದಾಣದಲ್ಲಿ ಒಮ್ಮೆ ಮೈಸೂರಿನ ಗಾಡಿ ಹೊರಡುತ್ತಿರುವಾಗ ಕಿಟಕಿಯೊಳಗೆ ಜಗಳವಾಡುತ್ತಿದ್ದ ಗಂಡಹೆಂಡಿರನ್ನು ನೋಡಿ, ಆ ಸಂಸಾರದ ಸಮಸ್ತ ಇತಿಹಾಸವನ್ನು ಊರಿಗೆ ನಡೆದು ಬರುವಷ್ಟರಲ್ಲಿ ಜೊತೆಯವರಿಗೆ ಹೇಳಿ ಮುಗಿಸಿದ್ದನಂತೆ. ಜಗಳದ ಉತ್ತರಾರ್ಧ ಶ್ರೀರಂಗಪಟ್ಟಣ ದಾಟಿದ ಮೇಲೆ ನಡೆದಿರಬೇಕು. ಅಲ್ಲಿಯತನಕ ಅವನ ದೃಷ್ಟಿ ಹೋಗಲಿಲ್ಲವೆಂದರೆ ನಾನು ನಂಬುವವನಲ್ಲ. ಕೆ.ಆರ್. ಪೇಟೆ ಕಡೆಯ ಕೆಂಪಣ್ಣನೆಂಬ ರೈತನ ಮೀಸೆ, ಹುಲ್ಲುಮಾಡಿನ ಸೂರಿನ ಹಾಗೆ, ತುಟಿಯನ್ನು ಪೂರ್ತಿ ಮುಚ್ಚಿಕೊಂಡಿತ್ತು. ಅವನಿಗೆ ಆಚಾರಿ ಹೆಚ್ಚು ಕೂಲಿ ಹೇಳಿದ. ಯಾಕಪ್ಪ ಎಂದು ಕೇಳಿದ್ದಕ್ಕೆ, "ನಿನ್ ಮಚ್ಚು ತಟ್ಟೋದು ಒಂದ್ ಕೆಲ್ಸ ಕಣ್ಲಾ, ಆ ಪೊದೆ ಒಳ್ಗಿಂದ ಮಾತು ಎಳ್ದು ತಗೆಯೋದು ಇನ್ನೊಂದ್ ಕೆಲ್ಸ" ಎಂದ. ಕೆಂಪಣ್ಣ ಮುಂದಿನ ಸಂತೆಗೆ ಮೀಸೆ ಕತ್ತರಿಸಿಕೊಂಡೇ ಬಂದ; ಅವನ ಮನೆಯ ನಾಯಿ ಒಂದು ವಾರ ಅವನನ್ನು ಒಳಗೆ ಬಿಡಲಿಲ್ಲವೆಂದು ಪ್ರತೀತಿ.

ವರ್ಣಮಾಲೆಯಲ್ಲಿ ಬೇರೆ ಬೇರೆ ಮನೆ ಮಾಡಿಕೊಂಡಿರುವ ಪ, ಬ, ಮ ಎಂಬ ಅಕ್ಷರಗಳು ತುಟಿಯ ಮೇಲೆ ಒಂದೇ ಬಸಿರಿನ ತ್ರಿವಳಿಗಳು. ಕಕಾರ ಗಕಾರಗಳು ಗಂಟಲಿನ ಕತ್ತಲೆಯಲ್ಲೇ ಹುಟ್ಟಿ ಮುಖ ತೋರಿಸದೆ ಹೊರಬೀಳುತ್ತವೆ. ಹಕಾರವಂತೂ ಕಾಣುವುದೇ ಇಲ್ಲ, ಆದರೆ ನಮ್ಮ ಸೀಮೆಯವರು ಅದನ್ನು ನುಡಿಯುವ ಗೋಜಿಗೇ ಹೋಗುವುದಿಲ್ಲವಾದ್ದರಿಂದ ಅವನಿಗೆ ನಷ್ಟವೇನಿಲ್ಲ. ಹೀಗೆ ಕೈಗೆ ಸಿಕ್ಕದ ಅರ್ಧ ಮಾತನ್ನು ಅವನು ಎದುರಿನವರ ಹುಬ್ಬಿನಿಂದ, ಹೆಗಲಿನಿಂದ, ಅವರ ಪೂರ್ವಚರಿತ್ರೆಯಿಂದ ತುಂಬಿಕೊಳ್ಳುತ್ತಿದ್ದ. ಕೊರೊನಾ ಕಾಲದಲ್ಲಿ ಊರಿಗೆ ಊರೇ ಬಾಯಿಗೆ ಬಟ್ಟೆ ಕಟ್ಟಿಕೊಂಡಾಗ ಮಾತ್ರ ಲೋಕವೇ ಮೂಕವಾಯಿತೆಂದು ಕುಲುಮೆ ಮುಚ್ಚಿ ಒಳಗೆ ಕೂತುಬಿಟ್ಟ. ಒಳಗೆ ಕಟ್ಟಿಲ್ಲದ ಬಾಯಿ ಒಂದಿತ್ತು: ಹೆಂಡತಿ ಜಯಲಕ್ಷ್ಮಮ್ಮನದು.

ಆಕೆ ನಾಗಮಂಗಲದ ಕಡೆಯ ಕಮ್ಮಾರರ ಮನೆಯ ಮಗಳು. ಮದುವೆಯಾಗಿ ಬಂದಂದಿನಿಂದ ಗಂಡನ ಎದುರಿಗೆ ನಿಂತು ದೊಡ್ಡ ಸುತ್ತಿಗೆ ಹೊಡೆದವಳು. ಅಡೆಗಲ್ಲಿನ ಮೇಲೆ ಕಬ್ಬಿಣ ಬಡಿಯುವ ಸದ್ದಿನಲ್ಲಿ ಬ್ರಹ್ಮ ಬಂದು ಮಾತಾಡಿದರೂ ಕೇಳದು. ಆದ್ದರಿಂದ ಇಬ್ಬರೂ ಮೊದಲಿನಿಂದ ಬಾಯಾಡಿಸಿಯೇ ಮಾತು ಮುಗಿಸುತ್ತಿದ್ದರು. ಸುತ್ತಿಗೆಯ ಏಟಿಗೆ ಅವನ ಕಿವಿ ಹೇಳದೆ ಹೋಗುವ ನೆಂಟನ ಹಾಗೆ ಮೆಲ್ಲಗೆ ಹೊರಟುಹೋದದ್ದು ಅವನ ಗಮನಕ್ಕೇ ಬರಲಿಲ್ಲ, ಯಾಕೆಂದರೆ ಹೆಂಡತಿಯ ಒಂದು ಮಾತೂ ಕಡಮೆಯಾಗಿರಲಿಲ್ಲ. ಬರಬರುತ್ತಾ ಆಕೆ ಗಂಡನ ಜೊತೆಗಿನ ಮಾತಿಗೆ ದನಿ ಸೇರಿಸುವುದನ್ನೇ ಬಿಟ್ಟಳು. ಆ ಬೀದಿಯಲ್ಲಿ ಜಗಳವನ್ನೇ ಅರಿಯದ ದಂಪತಿಯೆಂದು ಅವರಿಗೆ ಹೆಸರು. ಒಳಗೆ ದಿನಕ್ಕೊಂದು ಕುರುಕ್ಷೇತ್ರ ನಿಶ್ಶಬ್ದವಾಗಿ ನಡೆಯುತ್ತಿತ್ತು. ಊರವರಿಗೆಲ್ಲ ಮಸಿ ಮೆತ್ತಿದ ಬೆರಳು ಆಕೆಯ ಗಲ್ಲವನ್ನು ಮುಟ್ಟುವ ಪ್ರಮೇಯವೇ ಬರಲಿಲ್ಲ. ಮಾತು ಬಾಯಿಗೆ ಬರುವ ಮೊದಲೇ ಆಕೆ ತಾನಾಗಿ ಬೆಳಕಿಗೆ ತಿರುಗಿರುತ್ತಿದ್ದಳು.

ಆಕೆಗೆ ಓದುಬರಹ ಬಾರದು. ಹಿಂದೆ ಬೀದಿಬೀದಿಯಲ್ಲಿ ದೊಡ್ಡವರಿಗೆ ಅಕ್ಷರ ಕಲಿಸುವ ಆಂದೋಲನ ಬಂದಾಗ ಓರಗೆಯ ಹೆಂಗಸರೆಲ್ಲ ಸಂಜೆ ಸ್ಲೇಟು ಹಿಡಿದು ಹೊರಟರು. ಆಕೆಯೂ ಒಂದು ಸ್ಲೇಟು ತಂದಿಟ್ಟುಕೊಂಡಳು. ಸೋಮಾಚಾರಿ ನಕ್ಕು, ನಿನ್ನ ಬಾಯೇ ನನಗೆ ಪುಸ್ತಕ, ಪುಸ್ತಕಕ್ಕೆ ಯಾಕೆ ಅಕ್ಷರಾಭ್ಯಾಸ ಎಂದ. ಅದನ್ನು ಹೊಗಳಿಕೆಯೆಂದೇ ಆತ ಆಡಿದ್ದು, ಹೊಗಳಿಕೆಯೆಂದೇ ಆಕೆ ತೆಗೆದುಕೊಂಡದ್ದು. ಸ್ಲೇಟು ಅಟ್ಟಕ್ಕೆ ಹೋಯಿತು.

ಹೋದ ವರ್ಷ ಕಬ್ಬು ಕಡಿಯುವ ಕಾಲಕ್ಕೆ, ಕುಲುಮೆಯ ಮುಂದೆ ಮಚ್ಚುಗಳು ರಾಶಿ ಬಿದ್ದಿರುವಾಗ, ಆಕೆಗೆ ಲಕ್ವ ಹೊಡೆಯಿತು. ಮೈಸೂರಿನ ಆಸ್ಪತ್ರೆಯಿಂದ ಜೀವ ಉಳಿಸಿಕೊಂಡು ಬಂದಳು. ಆದರೆ ಬಲಗೈ ಜೋತುಬಿದ್ದಿತ್ತು, ಬಾಯಿ ಒಂದು ಕಡೆಗೆ ಎಳೆದುಕೊಂಡಿತ್ತು. ವಿಧಿಯ ಕುಚೋದ್ಯ ನೋಡಿ: ಆಕೆ ದನಿ ತೆಗೆದರೆ ತೊದಲಾದರೂ ಬೀದಿಯವರಿಗೆಲ್ಲ ತಿಳಿಯುತ್ತಿತ್ತು, ತಿಳಿಯದವನು ಅವನೊಬ್ಬನೇ. ಮೊದಲ ಸಲ ಆಕೆಯ ಗಲ್ಲ ಹಿಡಿದ, ಬೆಳಕಿಗೆ ತಿರುಗಿಸಿದ, ನೋಡಿದ. ಮತ್ತೆ ತಿರುಗಿಸಿದ. "ಎಲ್ಲಾ ಮಾತೂ ಒಂದೇ ತರ ಕಾಣ್ತದಲ್ಲ ಜಯ" ಎಂದನಂತೆ.

ಶ್ರೀರಂಗಪಟ್ಟಣಕ್ಕೆ ಕೊಟ್ಟಿರುವ ಮಗಳು ಕೀರ್ತನ ಭಾನುವಾರ ಬಂದು ತಾಯಿಯ ಮಾತನ್ನು ತನ್ನ ಬಾಯಲ್ಲಿ ಆಡಿ ತೋರಿಸುತ್ತಿದ್ದಳು. ಆಚಾರಿಗೆ ಅದು ರುಚಿಸಲಿಲ್ಲ. ಇನ್ನೊಬ್ಬರ ಬಾಯಲ್ಲಿ ಹೆಂಡತಿಯ ಮಾತೆಂದರೆ ಹೋಟೆಲಿನ ಮುದ್ದೆ ಇದ್ದಂತೆ, ಹೊಟ್ಟೆ ತುಂಬುತ್ತದೆ ಅಷ್ಟೆ ಎನ್ನುತ್ತಿದ್ದ. ಅದಕ್ಕಿಂತ ಹೆಚ್ಚಾಗಿ ಅವನನ್ನು ಕೊರೆಯುತ್ತಿದ್ದುದು ಒಂದೇ ಒಂದು ಮಾತು. ಅವನು ಗಲ್ಲ ಹಿಡಿದಾಗಲೆಲ್ಲ ಆಕೆ, ಹಳೆಯ ರೂಢಿಯಂತೆ ದನಿಯಿಲ್ಲದೆ, ಏನನ್ನೋ ಹೇಳುತ್ತಿದ್ದಳು, ದಿನವೂ ಅದನ್ನೇ. ಮಗಳು ಏನೆಂದು ಕೇಳಿದರೆ, ಉಳಿದ ಅರ್ಧ ಬಾಯಲ್ಲಿ ತೊದಲುತ್ತಾ, "ಅವ್ರಿಗೇ ಯೋಳೋದು ಕಣವ್ವ, ನಿಂಗಲ್ಲ" ಎನ್ನುತ್ತಿದ್ದಳು. ಆ ಮಾತಿಗಾಗಿ ಅವನು ಸೊರಗಿಹೋದ. ಸಾಯುವವರ ಕಡೆಯ ಕೋರಿಕೆಯೋ, ಜನ್ಮದ ದೂರೋ? "ಅವತ್ತು ಸ್ಲೇಟು ಅಟ್ಟಕ್ಕಾಕಿಸ್ದೆಯಲ್ಲ, ಅನುಬವ್ಸು ಅಂತಾವ್ಳೇನೋ" ಎಂದು ನನ್ನೊಡನೆ ಒಮ್ಮೆ ಅಂದು ಬೆಂಕಿಯ ಕಡೆ ಮುಖ ತಿರುಗಿಸಿಕೊಂಡ.

ಕೊನೆಗೆ ತಾನೇ ಅಟ್ಟ ಹತ್ತಿ ಸ್ಲೇಟು ಇಳಿಸಿ, ಬಾಲ್ಯದಲ್ಲಿ ಕಲಿತ ನಾಲ್ಕಕ್ಷರವನ್ನು ಹೆಂಡತಿಗೆ ಕಲಿಸಲು ಕೂತ. ಮೊದಲ ದಿನ ಬಳಪ ಕೈಗೆ ಕೊಡುತ್ತಲೇ ಆಕೆ ಎಡಗೈಯಲ್ಲಿ, ಯಾರೂ ಹೇಳಿಕೊಡದೆ, 'ಸೋ' ಎಂದು ಬರೆದಳು. ಆತ ತಾನು ಬಡಿದ ಕುಡುಗೋಲಿಗೆಲ್ಲ ಕೊರೆಯುವ ಗುರುತು ಅದು. ಸಂತೆಯಲ್ಲಿ ಅವನ್ನು ಹರಡಿ ಕೂತು ಆಕೆ ಜೀವಮಾನವೆಲ್ಲ ನೋಡಿದ್ದಳು. ಇದೇನೆಂದು ಕೇಳಿದರೆ ಗಂಡನ ಎದೆಯ ಕಡೆ ಬೆರಳು ಮಾಡಿದಳು. ಅಕ್ಷರಕ್ಕೊಂದು ಶಬ್ದವುಂಟೆಂದು ಆಕೆಗೆ ಗೊತ್ತಿರಲಿಲ್ಲ. ಆಕೆಯ ಪಾಲಿಗೆ ಆ ಅಕ್ಷರ ನುಡಿಯುತ್ತಿದ್ದುದು ಒಂದು ನಾದವನ್ನಲ್ಲ, ಒಬ್ಬ ಮನುಷ್ಯನನ್ನು.

ಪಾಠ ನಡೆದ ವೈಖರಿ ಮಾತ್ರ ಅಪೂರ್ವ. ಕಿವುಡನ ಗಂಟಲು ದೊಡ್ಡದು. ಅವನು 'ಅ' ಎಂದರೆ ಬೀದಿಗೆ ಬೀದಿಯೇ 'ಆ' ಎನ್ನುತ್ತಿತ್ತು, ಆಯುಧಪೂಜೆಯ ಹೊತ್ತಿಗೆ ಎದುರುಮನೆಯ ಎಮ್ಮೆ ಕಾಗುಣಿತ ಮುಗಿಸಿತ್ತು. ಆದರೆ ಶಿಷ್ಯೆ ಸರಿಯಾಗಿ ಉಚ್ಚರಿಸಿದಳೋ ಇಲ್ಲವೋ ಗುರುವಿಗೆ ಕೇಳದು, ಕಂಡರೂ ತಿಳಿಯದು. ಆಕೆ ಅದನ್ನು ಬಹುಬೇಗ ಕಂಡುಕೊಂಡಳು. ಅವನು 'ಕ' ಎಂದು ಅಕ್ಷರದ ಮೇಲೆ ಬೆತ್ತ ಇಟ್ಟರೆ, ಜಗುಲಿಯ ಹೆಂಗಸರಿಗೆ ಕೇಳುವಂತೆ, "ಮುದುಕ" ಎನ್ನುತ್ತಿದ್ದಳು, 'ಗ' ಎಂದರೆ "ಗೂಬೆ." ಹೆಂಗಸರು ನಗುತ್ತಿದ್ದರು, ಪಾಠ ಚೆನ್ನಾಗಿ ಸಾಗಿದೆಯೆಂದು ಗುರುವೂ ನಗುತ್ತಿದ್ದ. ಅಷ್ಟು ವರ್ಷ ದನಿಯಿಲ್ಲದೆ ಬೈದವಳು ಈಗ ದನಿಯೆತ್ತಿ ಬೈದರೂ ಅವನಿಗೆ ತಲುಪುತ್ತಿರಲಿಲ್ಲವಲ್ಲ ಎಂದು ನೆನೆದರೆ ನನಗೆ ಆ ನಗೆ ಅರ್ಧಕ್ಕೇ ನಿಲ್ಲುತ್ತದೆ.

ಸಂಕ್ರಾಂತಿಯ ಆಸುಪಾಸಿನಲ್ಲಿ ಒಂದು ಭಾನುವಾರ ಬೆಳಗ್ಗೆ ಅವನು ಎಂದಿನಂತೆ ಗಲ್ಲ ಹಿಡಿದು ಬೆಳಕಿಗೆ ತಿರುಗಿಸಿದಾಗ, ಆಕೆ ಸ್ಲೇಟನ್ನು ಮಡಿಲಿಗೆ ಎಳೆದುಕೊಂಡು ಎಡಗೈಯಲ್ಲಿ ಬರೆಯತೊಡಗಿದಳು. ಅವನು ಬಗ್ಗಿ, ಒಂದೊಂದೇ ಅಕ್ಷರ ಮೂಡುವುದನ್ನು ಓದಿದ. 'ಗಲ್ಲ ಬುಡಿ.'

ಅವನು ಬಿಟ್ಟ. ಬಿಟ್ಟ ಕೈಯನ್ನು ಎಲ್ಲಿಡಬೇಕೆಂದು ತಿಳಿಯದೆ ಬಹಳ ಹೊತ್ತು ಗಾಳಿಯಲ್ಲೇ ಇಟ್ಟುಕೊಂಡಿದ್ದನೆಂದು ಕೀರ್ತನ ಹೇಳಿದಳು.

ಒಂದೇ ಕಿಂಡಿಯಿಂದ ಲೋಕವನ್ನೆಲ್ಲ ಒಳಕ್ಕೆ ಕರೆದುಕೊಳ್ಳಬಲ್ಲ ಗಟ್ಟಿಗರು ನಮ್ಮ ನಡುವೆ ಆಗಾಗ ಹುಟ್ಟುತ್ತಾರೆ. ತಮಗೆ ಅದು ಸಾಲುತ್ತದಾದ್ದರಿಂದ ಜೊತೆಯವರಿಗೂ ಬೇರೆ ಬಾಗಿಲು ಬೇಡವೆಂದು ಅವರು ಪ್ರೀತಿಯಿಂದಲೇ ತೀರ್ಮಾನಿಸಿಬಿಡುತ್ತಾರೆ. ಕಿಂಡಿ ಮುಚ್ಚಿದ ದಿನ ಅವರ ಸಾಮರ್ಥ್ಯದ ಬೆಲೆ ತೆರುವವರು ಇಬ್ಬರು. ಈ ತತ್ವವನ್ನು ನಾನು ಸೋಮಾಚಾರಿಗೆ ಹೇಳಹೊರಟು, ಅವನ ಬೆರಳಿಗೆ ಗಲ್ಲ ಒಪ್ಪಿಸಿದ ಮೇಲೆ ಧೈರ್ಯ ಸಾಲದೆ, ಹೋಗಲಿ ಬಿಡಪ್ಪ, ಅಷ್ಟು ದಿನ ಕೊರೆದ ಮಾತು ಗೊತ್ತಾಯಿತು, ಆಕೆಗೆ ಅಕ್ಷರವೂ ಬಂತು, ಇನ್ನೇನು ಚಿಂತೆ ಎಂದೆ. ಆತ ನನ್ನ ತುಟಿಯನ್ನು ಕೊನೆಯವರೆಗೂ ಓದಿ, ಗಲ್ಲ ಬಿಟ್ಟು, ಕೈಯನ್ನು ಪಂಚೆಗೆ ಒರೆಸಿಕೊಂಡ.

"ಬರೀವಾಗ ನನ್ ಕಣ್ಣು ಸ್ಲೇಟ್ ಮೇಲಿತ್ತು ಸ್ವಾಮಿ, ಮೊಕ ನೋಡ್ನಿಲ್ಲ. ನಗ್ತಾ ಬರದ್ಲೋ, ಸಿಟ್ಕಂಡ್ ಬರದ್ಲೋ, ಅದ ಯಾವ ಅಕ್ಸರದಲ್ಲಿ ನೋಡ್ಲಿ?"