ಕುರ್ಚಿಯ ಮೇಲೆ ನಿಂತ ಫೋಕಸ್

ನನ್ನ ತಮ್ಮನಿಗೆ ಸಿನಿಮಾ ಮಂದಿ ಇಟ್ಟ ಹೆಸರು ಕತ್ತಲೆರಾಯ. ಅರ್ಧ ಮುಖಕ್ಕೆ ಬೆಳಕು, ಇನ್ನರ್ಧ ಕತ್ತಲೆ. ಅದು ಅವನ ಶೈಲಿಯಂತೆ. ಮೊದಲ ಸಿನಿಮಾ ನೋಡಿ ಅಮ್ಮ, "ಪಾಪ, ಕರೆಂಟ್ ಹೋಗಿತ್ತೇನೋ?" ಅಂದಿದ್ದಳು. ಎರಡು ದಿನ ನನಗೆ ಊಟ ರುಚಿಸಿತ್ತು.

ಅವನನ್ನು ಶೂಟಿಂಗಿಗೆ ಕರೆತಂದವನು ನಾನು. ಅಡುಗೆಮನೆಯ ಕಿಟಕಿ ಪಕ್ಕ ಅಮ್ಮನನ್ನು ಕೂರಿಸಿ, "ನೋಡೋ ಪೆದ್ದ, ಒಂದೇ ಕಡೆ ಬೆಳಕಿದ್ದರೆ ಸಾಕು" ಅಂತ ತೋರಿಸಿದವನೂ ನಾನೇ. ಈಗ ಅವನು ಕ್ಯಾಮೆರಾಮನ್. ನಾನು ಪಕ್ಕದಲ್ಲಿ ನಿಂತು ಫೋಕಸ್ ತಿರುಗಿಸುವವನು. ನಟರು ನಡೆದಂತೆಲ್ಲ ಲೆನ್ಸಿನ ಉಂಗುರ ತಿರುಗಿಸಿ, ಅವರ ಮುಖ ಮಸುಕಾಗದಂತೆ ನೋಡಿಕೊಳ್ಳಬೇಕು. ಚೆನ್ನಾಗಿ ಮಾಡಿದರೆ ಯಾರಿಗೂ ಗೊತ್ತಾಗಲ್ಲ, ಕೆಡಿಸಿದರೆ ಇಡೀ ಸೆಟ್ಟಿಗೆ ಗೊತ್ತಾಗುತ್ತದೆ.

ಒಂದು ದಿನ ಬೆಳಿಗ್ಗೆ ಪತ್ರಿಕೆಯವಳೊಬ್ಬಳು ಬಂದು ತಮ್ಮನನ್ನು, "ಬೆಳಕಿನ ಕೆಲಸ ಯಾರಿಂದ ಕಲಿತಿರಿ ಸರ್?" ಅಂತ ಕೇಳಿದಳು. ನಾನು ಅಳತೆ ಟೇಪು ಹಿಡಿದು ಅಲ್ಲೇ ನಿಂತಿದ್ದೆ.

"ಯಾರೂ ಕಲಿಸಲಿಲ್ಲ. ಕಣ್ಣು ತೆರೆದುಕೊಂಡಿದ್ದೆ, ಅಷ್ಟೇ" ಅಂದ.

ನನಗೆ ಮೈಯೆಲ್ಲ ಉರಿದುಹೋಯಿತು.

ಅವತ್ತು ಮಧ್ಯಾಹ್ನದ ಶಾಟಿನಲ್ಲಿ, ಮಗಳ ಸಾವಿನ ಸುದ್ದಿ ಕೇಳಿದ ತಾಯಿ ಕುರ್ಚಿಯಿಂದ ಎದ್ದು ಕ್ಯಾಮೆರಾ ತನಕ ನಡೆದು ಬರಬೇಕು. ನೆಲದ ಮೇಲೆ ಸೀಮೆಸುಣ್ಣದಲ್ಲಿ ಮೂರು ಗುರುತು ಹಾಕಿದ್ದೆ. ಅವಳು ಎದ್ದಳು. ನಾನು ಉಂಗುರ ತಿರುಗಿಸಲಿಲ್ಲ. ಬೇಕಂತಲೇ. ಶಾಟ್ ಕೆಟ್ಟರೆ ಮೊದಲು ಉತ್ತರ ಕೊಡಬೇಕಾದವನು ಕ್ಯಾಮೆರಾಮನ್, ಎಲ್ಲರೂ ತಮ್ಮನಿಗೆ ಉಗಿಯಲಿ ಅಂತ. ಹತ್ತಿರ ಬಂದಷ್ಟೂ ಅವಳ ಮುಖ ಕರಗುತ್ತ ಹೋಯಿತು. ಹಿಂದಿನ ಖಾಲಿ ಕುರ್ಚಿಯ ಮೊಳೆಗಳು ಮಾತ್ರ ಎಣಿಸುವಷ್ಟು ಸ್ಪಷ್ಟ.

ತಮ್ಮ ಮಾನಿಟರ್ ನೋಡಿದ. ನನ್ನನ್ನು ನೋಡಿದ. ನಿರ್ದೇಶಕ ಬಾಯಿ ತೆರೆಯುವ ಮೊದಲೇ "ಓಕೆ, ಮುಂದಿನದು" ಅಂದ.

ಆ ಶಾಟಿಗೇ ಅವನಿಗೆ ಪ್ರಶಸ್ತಿ ಬಂತು. "ದುಃಖವನ್ನು ಖಾಲಿ ಕುರ್ಚಿಯಲ್ಲಿ ಕೂರಿಸಿದ ಕ್ಯಾಮೆರಾ" ಅಂತ ಪತ್ರಿಕೆ ಬರೆಯಿತು. ಅಮ್ಮ ಕತ್ತರಿಸಿ ಗೋಡೆಗೆ ಅಂಟಿಸಿದಳು. ಅದು ನನ್ನ ಕೈಕೆಲಸ ಅನ್ನಲು ನಾಲಿಗೆ ತುರಿಸುತ್ತಿತ್ತು. ಹಾಗೆ ಅಂದುಬಿಟ್ಟರೆ, ಯಾಕೆ ತಿರುಗಿಸಲಿಲ್ಲ ಅಂತಲೂ ಹೇಳಬೇಕಲ್ಲ! ಕಳ್ಳನಿಗೆ ಚೇಳು ಕಡಿದ ಹಾಗಾಯಿತು.

ಮುಂದಿನ ಸಿನಿಮಾದಲ್ಲಿ ಒಬ್ಬ ಮುದುಕ ಬಾಗಿಲಿನಿಂದ ನಡೆದು ಬರುವ ಶಾಟ್. ತಮ್ಮ ನನ್ನ ಕಿವಿಯ ಹತ್ತಿರ ಬಂದ.

"ಅಣ್ಣಾ, ಇವನನ್ನೂ ಮಸುಕಾಗೋಕೆ ಬಿಡು. ಕುರ್ಚಿ ಶಾಟಿನ ಹಾಗೆ."

"ಅದು ನಿನ್ನ ಶೈಲಿ ಅಲ್ವೇನೋ? ನನ್ನನ್ಯಾಕೆ ಕೇಳ್ತೀಯಾ?"

"ಅವತ್ತು ಸಿಟ್ಟಲ್ಲಿ ಬಿಟ್ಟೆ ಅಂತ ನನಗೆ ಗೊತ್ತಿಲ್ವಾ? ಹಾಳಾಗ್ಲಿ ಅಂತ ಬಿಟ್ಟಿದ್ದೇ ಎಷ್ಟು ಚೆನ್ನಾಗಿ ಬಂತು!" ಅಂತ ನಕ್ಕ.

ನಾನು ಕಲಿಸಿದ್ದನ್ನು ನುಂಗಿ ನೀರು ಕುಡಿದದ್ದು ಸಾಲದೆ, ನನ್ನ ಹೊಟ್ಟೆಕಿಚ್ಚನ್ನೂ ಬಳಸಿಕೊಳ್ಳಲು ಬಂದಿದ್ದಾನೆ!

ಮುದುಕ ನಡೆದ. ಬಾಗಿಲಿನಿಂದ ಲೆನ್ಸಿನ ತನಕ, ಅವನ ಗಡ್ಡದ ಒಂದೊಂದು ಕೂದಲೂ ಕಾಣುವ ಹಾಗೆ ಉಂಗುರ ತಿರುಗಿಸಿದೆ.

"ಅಣ್ಣಾ, ಇನ್ನೊಂದು ಸಲ. ಈ ಸಲ ಬಿಡು."

ಎರಡನೇ ಸಲವೂ ಕೂದಲು ಎಣಿಸಬಹುದಿತ್ತು. ಆರನೇ ಸಲವೂ. ಏಳನೆಯದಕ್ಕೆ ಅವನ ನಗು ನಿಂತಿತ್ತು.

"ಏನ್ ಮಾಡ್ತಿದ್ದೀಯಾ?"

"ಬಿಡೋದು ಹೇಗೆ ಅಂತ ಯಾರೂ ಕಲಿಸಲಿಲ್ಲಪ್ಪ ನನಗೆ" ಅಂದೆ. "ಕಣ್ಣು ತೆರೆದುಕೊಂಡಿದ್ದೀನಿ, ಅಷ್ಟೇ."